ಬಡ್ಡಿ ಇಳಿಯಿತು, ಕಂತು ಏಕೆ ಇಳಿಯಲಿಲ್ಲ? ಗೃಹಸಾಲದ ನಿಜವಾದ ಬೆಲೆಯ ಲೆಕ್ಕ

ಭಾರತೀಯ ರಿಸರ್ವ್ ಬ್ಯಾಂಕ್ 2025ರಲ್ಲಿ ನಾಲ್ಕು ಬಾರಿ ರೆಪೊ ದರವನ್ನು, ಅಂದರೆ ತಾನು ಬ್ಯಾಂಕ್‌ಗಳಿಗೆ ಅಲ್ಪಾವಧಿಗೆ ಕೊಡುವ ಸಾಲದ ಬಡ್ಡಿದರವನ್ನು, ಇಳಿಸಿತು. ಫೆಬ್ರುವರಿ, ಏಪ್ರಿಲ್ ತಿಂಗಳುಗಳಲ್ಲಿ ಶೇ 0.25ರಷ್ಟು, ಜೂನ್‌ನಲ್ಲಿ ಒಮ್ಮೆಲೇ ಶೇ 0.50ರಷ್ಟು, ಡಿಸೆಂಬರ್ 5ರಂದು ಮತ್ತೆ ಶೇ 0.25ರಷ್ಟು. ವರ್ಷದ ಆರಂಭದಲ್ಲಿ ಶೇ 6.50 ಇದ್ದ ದರ ವರ್ಷ ಮುಗಿಯುವಾಗ ಶೇ 5.25ಕ್ಕೆ ಬಂದು ನಿಂತಿತು. ಪ್ರತಿ ಸಲವೂ ಗೃಹಸಾಲ ಅಗ್ಗವಾಯಿತೆಂದು ಸುದ್ದಿಯಾಯಿತು. ಆದರೆ ತಿಂಗಳ ಐದನೆಯ ತಾರೀಕಿಗೋ ಹತ್ತನೆಯ ತಾರೀಕಿಗೋ ಖಾತೆಯಿಂದ ಕಡಿತವಾಗುವ ಮೊತ್ತವನ್ನು ನೋಡಿದ ಅನೇಕರಿಗೆ ಅಲ್ಲಿ ಒಂದು ರೂಪಾಯಿಯ ವ್ಯತ್ಯಾಸವೂ ಕಾಣಲಿಲ್ಲ. ಬ್ಯಾಂಕ್ ಮೋಸ ಮಾಡುತ್ತಿದೆಯೇ ಎಂಬ ಅನುಮಾನ ಅಲ್ಲಿಂದಲೇ ಹುಟ್ಟುತ್ತದೆ.

ಇದೇ ಸಾಲಗಾರರು 2022ನ್ನೂ ನೆನಪಿಸಿಕೊಳ್ಳಬೇಕು. ಆ ವರ್ಷದ ಮೇ ತಿಂಗಳಿನಿಂದ 2023ರ ಫೆಬ್ರುವರಿಯವರೆಗೆ ರೆಪೊ ದರ ಶೇ 4ರಿಂದ ಶೇ 6.50ಕ್ಕೆ ಏರಿತು. ಆಗಲೂ ಅನೇಕರ ಕಂತು ಇದ್ದ ಹಾಗೆಯೇ ಇತ್ತು. ಆಗ ಯಾರೂ ಹೆಚ್ಚು ಪ್ರಶ್ನೆ ಕೇಳಲಿಲ್ಲ, ಏಕೆಂದರೆ ಜೇಬಿಗೆ ತಕ್ಷಣ ಪೆಟ್ಟು ಬಿದ್ದಿರಲಿಲ್ಲ. ಎರಡೂ ಸಲ ನಡೆದದ್ದು ಒಂದೇ. ಕಂತು ಅಲುಗಾಡಲಿಲ್ಲ, ಸಾಲದ ಅವಧಿ ಅಲುಗಾಡಿತು. ಗೃಹಸಾಲದ ನಿಜವಾದ ಬೆಲೆ ಏರುವುದೂ ಇಳಿಯುವುದೂ ಮುಖ್ಯವಾಗಿ ಈ ಅವಧಿಯಲ್ಲಿ. ನಮ್ಮ ಗಮನವಾದರೋ ಕಂತಿನ ಮೊತ್ತದ ಮೇಲೆಯೇ ನೆಟ್ಟಿರುತ್ತದೆ.

ಕಂತಿನೊಳಗೆ ಬಡ್ಡಿ ಎಷ್ಟು, ಅಸಲು ಎಷ್ಟು

ಐವತ್ತು ಲಕ್ಷ ರೂಪಾಯಿ ಸಾಲ, ಶೇ 8ರ ಬಡ್ಡಿ, 20 ವರ್ಷದ ಅವಧಿ ಎಂದಿಟ್ಟುಕೊಳ್ಳೋಣ. ಮಾಸಿಕ ಕಂತು 41,822 ರೂಪಾಯಿ ಬರುತ್ತದೆ. ಬ್ಯಾಂಕ್ ಮೊದಲು ಬಾಕಿ ಅಸಲಿನ ಮೇಲೆ ಆ ತಿಂಗಳ ಬಡ್ಡಿ ಹಾಕುತ್ತದೆ. 50 ಲಕ್ಷಕ್ಕೆ ಅದು 33,333 ರೂಪಾಯಿ. ಉಳಿದ 8,489 ರೂಪಾಯಿ ಮಾತ್ರ ಅಸಲಿಗೆ ಜಮೆ. ಎರಡನೆಯ ತಿಂಗಳು ಅಸಲು ಅಷ್ಟು ಕಡಿಮೆಯಾಗಿರುವುದರಿಂದ ಬಡ್ಡಿ ಸುಮಾರು 57 ರೂಪಾಯಿ ಇಳಿಯುತ್ತದೆ, ಅಸಲಿನ ಪಾಲು ಅಷ್ಟೇ ಏರುತ್ತದೆ. ಹೀಗೆ ಇರುವೆ ನಡಿಗೆಯಲ್ಲಿ ಸಾಲ ಕರಗುತ್ತದೆ.

ಒಂದು ವರ್ಷ ಮುಗಿದಾಗ ಕಟ್ಟಿದ್ದು 5 ಲಕ್ಷ ರೂಪಾಯಿಗೂ ಹೆಚ್ಚು, ಅಸಲಿನಲ್ಲಿ ಇಳಿದದ್ದು ಸುಮಾರು 1.06 ಲಕ್ಷ. ಹತ್ತು ವರ್ಷ ಕಳೆದಾಗ, ಅಂದರೆ ಅರ್ಧ ಅವಧಿ ಮುಗಿದಾಗ, ಇನ್ನೂ 34.47 ಲಕ್ಷ ರೂಪಾಯಿ ಬಾಕಿ ಇರುತ್ತದೆ. ಅರ್ಧ ದಾರಿ ಸಾಗಿದರೂ ಮೂರನೆಯ ಒಂದು ಭಾಗದಷ್ಟು ಸಾಲವೂ ತೀರಿರುವುದಿಲ್ಲ. ಇದರಲ್ಲಿ ಕಪಟವಿಲ್ಲ. ಬಾಕಿ ಇರುವ ಹಣಕ್ಕೆ ಬಡ್ಡಿ ಎಂಬ ನಿಯಮದ ನೇರ ಪರಿಣಾಮ ಇದು. ಆದರೆ ಸಾಲ ಮಂಜೂರಾಗುವ ದಿನ ಇದನ್ನು ಯಾರೂ ಕೂರಿಸಿಕೊಂಡು ವಿವರಿಸುವುದಿಲ್ಲ.

ಇನ್ನು ಅವಧಿ ಬದಲಾಯಿಸಿ ನೋಡೋಣ. ಇದೇ ಸಾಲ, ಇದೇ ಬಡ್ಡಿ. 20 ವರ್ಷಕ್ಕೆ ಒಟ್ಟು ಮರುಪಾವತಿ ಸುಮಾರು 1.00 ಕೋಟಿ. 15 ವರ್ಷಕ್ಕಾದರೆ ಕಂತು 47,783, ಒಟ್ಟು 86 ಲಕ್ಷ. 30 ವರ್ಷಕ್ಕಾದರೆ ಕಂತು 36,688, ಒಟ್ಟು 1.32 ಕೋಟಿ. ತಿಂಗಳಿಗೆ ಐದು ಸಾವಿರ ರೂಪಾಯಿ ಹಗುರ ಮಾಡಿಕೊಂಡದ್ದಕ್ಕೆ ಕೊನೆಯಲ್ಲಿ ಸುಮಾರು 32 ಲಕ್ಷ ಹೆಚ್ಚು ಕಟ್ಟಬೇಕಾಗುತ್ತದೆ.

ಇದನ್ನು ಬಡ್ಡಿದರದ ವ್ಯತ್ಯಾಸದೊಂದಿಗೆ ಹೋಲಿಸಿ. ಅದೇ 20 ವರ್ಷಕ್ಕೆ ಶೇ 8ರ ಬದಲು ಶೇ 9 ಬಡ್ಡಿಯಾದರೆ ಹೆಚ್ಚುವ ಮೊತ್ತ ಸುಮಾರು 7.6 ಲಕ್ಷ. ಕಾಲು ಪರ್ಸೆಂಟ್ ಕಡಿಮೆ ಬಡ್ಡಿಗಾಗಿ ನಾಲ್ಕಾರು ಬ್ಯಾಂಕ್‌ಗಳ ಮೆಟ್ಟಿಲು ಹತ್ತುವ ಜನ, ಅವಧಿಯ ಕಾಲಂನಲ್ಲಿ ಬ್ಯಾಂಕಿನವರು ಬರೆದ ಸಂಖ್ಯೆಗೆ ಎರಡನೆಯ ಮಾತಿಲ್ಲದೆ ಸಹಿ ಹಾಕುತ್ತಾರೆ. ಹೆಚ್ಚು ಚೌಕಾಸಿ ಮಾಡಬೇಕಾದ ಜಾಗ ಅದೇ.

2022ರಲ್ಲಿ ಸದ್ದಿಲ್ಲದೆ ನಡೆದದ್ದು

2019ರ ಅಕ್ಟೋಬರ್ 1ರಿಂದ ಬ್ಯಾಂಕ್‌ಗಳು ಕೊಡುವ ಹೊಸ ಬದಲಾಗುವ ಬಡ್ಡಿಯ ಗೃಹಸಾಲಗಳನ್ನು ಬ್ಯಾಂಕಿನ ಹೊರಗಿನ ಒಂದು ಮಾನದಂಡಕ್ಕೆ ಜೋಡಿಸುವುದು ಕಡ್ಡಾಯವಾಯಿತು. ಬಹುತೇಕ ಬ್ಯಾಂಕ್‌ಗಳು ರೆಪೊ ದರವನ್ನು ಆರಿಸಿಕೊಂಡವು. ಆದ್ದರಿಂದ ಸಾಲದ ದರ ಎಂದರೆ ರೆಪೊ ದರ ಮತ್ತು ಅದರ ಮೇಲೆ ಬ್ಯಾಂಕ್ ಸೇರಿಸುವ ಹೆಚ್ಚುವರಿ ದರ. ಬ್ಯಾಂಕಿನ ಭಾಷೆಯಲ್ಲಿ ಈ ಹೆಚ್ಚುವರಿ ದರಕ್ಕೆ ಸ್ಪ್ರೆಡ್ ಎನ್ನುತ್ತಾರೆ.

2022ರ ಏಪ್ರಿಲ್‌ನಲ್ಲಿ ಒಂದು ಕುಟುಂಬ 2.75ರ ಸ್ಪ್ರೆಡ್‌ನೊಂದಿಗೆ, ಶೇ 6.75ರ ದರದಲ್ಲಿ 50 ಲಕ್ಷ ಸಾಲವನ್ನು 20 ವರ್ಷಕ್ಕೆ ಪಡೆಯಿತು ಎಂದು ಊಹಿಸೋಣ. ಕಂತು 38,018 ರೂಪಾಯಿ. ಲೆಕ್ಕ ಸರಳವಾಗಲೆಂದು, ದರ ಏರಿಕೆಯೆಲ್ಲ ಮೊದಲ ವರ್ಷ ಮುಗಿದ ಮೇಲೆ ಒಟ್ಟಿಗೆ ಜಾರಿಯಾಯಿತು ಎಂದುಕೊಳ್ಳೋಣ. ಬಾಕಿ 48.78 ಲಕ್ಷ, ಹೊಸ ದರ ಶೇ 9.25. ಆಗ ಒಂದು ತಿಂಗಳ ಬಡ್ಡಿಯೇ 37,598 ರೂಪಾಯಿ. ಕಂತನ್ನು ಹಾಗೆಯೇ ಇಟ್ಟರೆ ಅಸಲಿಗೆ ಹೋಗುವುದು ತಿಂಗಳಿಗೆ ಕೇವಲ 420 ರೂಪಾಯಿ. ಆ ವೇಗದಲ್ಲಿ ಸಾಲ ತೀರಲು ಇನ್ನೂ ಸುಮಾರು 49 ವರ್ಷ ಬೇಕು. ಉಳಿದಿದ್ದದ್ದು 19 ವರ್ಷ.

49 ವರ್ಷಕ್ಕೆ ಯಾವ ಬ್ಯಾಂಕೂ ಸಾಲ ಮುಂದುವರಿಸುವುದಿಲ್ಲ. ಸಾಲಗಾರನ ವಯಸ್ಸು, ನಿವೃತ್ತಿಯ ವರ್ಷ, 30 ವರ್ಷದ ಗರಿಷ್ಠ ಅವಧಿ ಎಲ್ಲವೂ ಅಡ್ಡ ಬರುತ್ತವೆ. ಹಾಗಾಗಿ ಅವಧಿಯನ್ನು ಗರಿಷ್ಠ ಮಟ್ಟಕ್ಕೆ ಎಳೆದು, ಮಿಕ್ಕ ಹೊರೆಯನ್ನು ಕಂತಿಗೆ ಸೇರಿಸುತ್ತಾರೆ. ನಮ್ಮ ಉದಾಹರಣೆಯಲ್ಲಿ ಉಳಿದ ಅವಧಿಯನ್ನು 29 ವರ್ಷಕ್ಕೆ ಹಿಗ್ಗಿಸಿದರೆ ಹೊಸ ಕಂತು 40,388 ರೂಪಾಯಿ. ಎರಡು ಸಾವಿರ ಚಿಲ್ಲರೆ ಹೆಚ್ಚಾಯಿತು ಅಷ್ಟೇ ಎಂದು ಕುಟುಂಬ ನಿಟ್ಟುಸಿರು ಬಿಡುತ್ತದೆ. ಅವಧಿ ಹಿಗ್ಗಿಸದೆ 19 ವರ್ಷದಲ್ಲೇ ತೀರಿಸುವುದಾಗಿದ್ದರೆ ಕಂತು 45,498 ಆಗುತ್ತಿತ್ತು. ದರ ಮುಂದೆ ಬದಲಾಗದಿದ್ದರೆ, ಈ ಎರಡು ದಾರಿಗಳ ಒಟ್ಟು ಪಾವತಿಯ ಅಂತರ ಸುಮಾರು 37 ಲಕ್ಷ ರೂಪಾಯಿ.

ಇಷ್ಟು ದೊಡ್ಡ ತೀರ್ಮಾನ ಎಷ್ಟೋ ಮನೆಗಳಲ್ಲಿ ಚರ್ಚೆಯೇ ಇಲ್ಲದೆ ಆಗಿಹೋಯಿತು ಎಂಬುದು ಅತ್ಯಂತ ಕಳವಳದ ವಿಷಯ. ಬಂದದ್ದು ಒಂದು ಎಸ್‌ಎಂಎಸ್, ಅದರಲ್ಲಿ ಇದ್ದದ್ದು ಹೊಸ ಬಡ್ಡಿದರ. ಎಷ್ಟು ಕಂತು ಉಳಿದಿವೆ ಎಂಬುದನ್ನು ನೋಡಲು ಖಾತೆಯ ವಿವರಪಟ್ಟಿ ತೆರೆಯಬೇಕಿತ್ತು.

ದರ ಇಳಿದಾಗ ಅದೇ ಯಂತ್ರ ಹಿಂದಕ್ಕೆ ತಿರುಗುತ್ತದೆ

ಆ ಕುಟುಂಬ ಎರಡೂವರೆ ವರ್ಷ 40,388 ರೂಪಾಯಿಯಂತೆ ಕಟ್ಟಿತು ಎನ್ನೋಣ. ಮೊದಲ ವರ್ಷದ್ದನ್ನೂ ಸೇರಿಸಿದರೆ ಈವರೆಗೆ ಕಟ್ಟಿದ್ದು 16.68 ಲಕ್ಷ, ಅಸಲಿನಲ್ಲಿ ಕಡಿಮೆಯಾದದ್ದು 2.16 ಲಕ್ಷ. ಬಾಕಿ 47.84 ಲಕ್ಷ. ಈಗ 2025ರ ದರ ಕಡಿತವೆಲ್ಲ ತಲುಪಿ ಬಡ್ಡಿ ಶೇ 8ಕ್ಕೆ ಇಳಿಯಿತು. ಮುಂದೆ ಎರಡು ದಾರಿಗಳಿವೆ.

ಒಂದು, ಕಂತನ್ನು 40,388ರಲ್ಲೇ ಇಟ್ಟು ಅವಧಿ ಕುಗ್ಗಿಸುವುದು. ಆಗ ಉಳಿದ ಇಪ್ಪತ್ತಾರೂವರೆ ವರ್ಷಗಳು ಹತ್ತೊಂಬತ್ತೂವರೆ ವರ್ಷಕ್ಕೆ ಇಳಿಯುತ್ತವೆ. ಇನ್ನೊಂದು, ಅವಧಿಯನ್ನು ಹಾಗೆಯೇ ಬಿಟ್ಟು ಕಂತನ್ನು 36,277ಕ್ಕೆ ಇಳಿಸುವುದು. ತಿಂಗಳಿಗೆ ನಾಲ್ಕು ಸಾವಿರ ಕೈಯಲ್ಲಿ ಉಳಿಯುತ್ತದೆ, ಆದರೆ ಕೊನೆಯವರೆಗೆ ಕಟ್ಟುವ ಒಟ್ಟು ಮೊತ್ತ ಸುಮಾರು 20.6 ಲಕ್ಷ ಹೆಚ್ಚುತ್ತದೆ.

ಅನೇಕ ಬ್ಯಾಂಕ್‌ಗಳು ಗ್ರಾಹಕ ಬೇರೆ ಏನನ್ನೂ ಕೇಳದಿದ್ದರೆ ಮೊದಲ ದಾರಿಯನ್ನೇ ಅನುಸರಿಸುತ್ತವೆ. ಕಂತು ಇಳಿಯಲಿಲ್ಲ ಎಂಬ ದೂರಿನ ಹಿಂದೆ ಇರುವುದು ಬಹುಪಾಲು ಇದೇ. ಅಂದರೆ, ದರ ಕಡಿತ ನಿಜವಾಗಿಯೂ ಖಾತೆಗೆ ತಲುಪಿದ್ದರೆ, ಕಂತು ಬದಲಾಗದೇ ಇರುವುದು ಸಾಲಗಾರನಿಗೆ ಒಳ್ಳೆಯ ಸುದ್ದಿ. ಮನೆಯ ಖರ್ಚು ತೂಗಿಸಲು ನಿಜವಾಗಿಯೂ ಕಷ್ಟವಿದ್ದವರು ಕಂತು ಇಳಿಸಿಕೊಳ್ಳುವುದು ಸರಿಯೇ. ಆ ಕಷ್ಟವಿಲ್ಲದವರು ಬ್ಯಾಂಕಿಗೆ ಹೋಗಿ ಕಂತು ಕಡಿಮೆ ಮಾಡಿಸಿಕೊಂಡರೆ ಹಾನಿ ಅವರದೇ.

ಕಡಿತ ತಲುಪಿದೆಯೇ ಎಂಬುದು ಬೇರೆಯೇ ಪ್ರಶ್ನೆ

ಎಲ್ಲರ ಖಾತೆಗೂ ಇಳಿಕೆ ತಲುಪಿಲ್ಲ ಎಂಬುದೂ ಅಷ್ಟೇ ನಿಜ. ಇದಕ್ಕೆ ಮೂರು ನಾಲ್ಕು ಕಾರಣಗಳಿವೆ.

ಹಳೆಯ ಸಾಲಗಳು ಹಳೆಯ ಪದ್ಧತಿಗಳಲ್ಲೇ ಸಿಕ್ಕಿಕೊಂಡಿವೆ. 2010ರಲ್ಲಿ ಬೇಸ್ ರೇಟ್ ಬಂತು, 2016ರ ಏಪ್ರಿಲ್‌ನಲ್ಲಿ ಎಂಸಿಎಲ್‌ಆರ್ ಬಂತು. ಈ ಎರಡೂ ಬ್ಯಾಂಕ್ ತನ್ನ ಠೇವಣಿಗಳ ವೆಚ್ಚದ ಆಧಾರದ ಮೇಲೆ ತಾನೇ ನಿಗದಿಪಡಿಸುವ ದರಗಳು. ರೆಪೊ ಇಳಿದರೆ ಇವು ತಡವಾಗಿ, ಅರೆಬರೆಯಾಗಿ ಇಳಿಯುತ್ತವೆ. ರಿಸರ್ವ್ ಬ್ಯಾಂಕ್ ಹೊರಗಿನ ಮಾನದಂಡ ತಂದದ್ದೇ ಈ ಕಾರಣಕ್ಕೆ. ಹಳೆಯ ಸಾಲಗಾರ ರೆಪೊಗೆ ವರ್ಗಾಯಿಸಿಕೊಳ್ಳಬಹುದು, ಆದರೆ ಅರ್ಜಿ ಹಾಕಬೇಕಾದವನು ಅವನೇ.

ಗೃಹಸಾಲ ಕಂಪನಿಗಳಿಗೆ, ಅಂದರೆ ಹೌಸಿಂಗ್ ಫೈನಾನ್ಸ್ ಸಂಸ್ಥೆಗಳಿಗೆ, ಈ ಕಡ್ಡಾಯ ಅನ್ವಯಿಸುವುದಿಲ್ಲ. ಅವು ತಮ್ಮದೇ ಆಧಾರ ದರ ಇಟ್ಟುಕೊಂಡಿರುತ್ತವೆ. ಅದನ್ನು ಯಾವಾಗ, ಎಷ್ಟು ಇಳಿಸಬೇಕೆಂಬುದು ಅವುಗಳ ತೀರ್ಮಾನ.

ರೆಪೊಗೆ ಜೋಡಿಸಿದ ಸಾಲದಲ್ಲೂ ದರ ಮರುನಿಗದಿ ಮೂರು ತಿಂಗಳಿಗೊಮ್ಮೆ ಆಗಬಹುದು. ಡಿಸೆಂಬರ್‌ನ ಕಡಿತ ಕೆಲವರಿಗೆ ಮಾರ್ಚ್‌ನಲ್ಲಿ ಕಾಣಿಸಿಕೊಂಡರೆ ಆಶ್ಚರ್ಯಪಡಬೇಕಿಲ್ಲ.

ನಾಲ್ಕನೆಯದು ಸ್ಪ್ರೆಡ್, ಹೆಚ್ಚು ಸಿಟ್ಟು ತರಿಸಬೇಕಾದದ್ದೂ ಇದೇ. ಹೊಸ ಗ್ರಾಹಕರನ್ನು ಸೆಳೆಯಲು ಬ್ಯಾಂಕ್ ಕಡಿಮೆ ಸ್ಪ್ರೆಡ್ ಕೊಡುತ್ತದೆ. ಹಲವು ವರ್ಷಗಳಿಂದ ಒಂದು ದಿನವೂ ತಪ್ಪದೆ ಕಂತು ಕಟ್ಟಿದ ಹಳೆಯ ಗ್ರಾಹಕ ಸಾಲ ಪಡೆದ ದಿನದ ಸ್ಪ್ರೆಡ್ಡನ್ನೇ ಹೊತ್ತು ನಡೆಯುತ್ತಾನೆ. ಒಂದೇ ಬ್ಯಾಂಕಿನ ಒಂದೇ ಶಾಖೆಯಲ್ಲಿ, ಒಂದೇ ಅರ್ಹತೆಯ ಇಬ್ಬರಿಗೆ ಅರ್ಧ ಪರ್ಸೆಂಟ್‌ನಷ್ಟು ದರ ವ್ಯತ್ಯಾಸ ಇರಬಹುದು. 47.84 ಲಕ್ಷದ ಬಾಕಿಗೆ ಅರ್ಧ ಪರ್ಸೆಂಟ್ ಎಂದರೆ ವರ್ಷಕ್ಕೆ ಸುಮಾರು 24 ಸಾವಿರ ರೂಪಾಯಿ. ಹಿಂದೆ ಸ್ಪ್ರೆಡ್‌ನ ಕೆಲವು ಭಾಗಗಳನ್ನು ಮೂರು ವರ್ಷಕ್ಕೊಮ್ಮೆ ಮಾತ್ರ ಬದಲಿಸಬಹುದಿತ್ತು. 2025ರ ಅಕ್ಟೋಬರ್ 1ರಿಂದ, ಗ್ರಾಹಕರನ್ನು ಉಳಿಸಿಕೊಳ್ಳಲು ಅದಕ್ಕೂ ಮುಂಚೆಯೇ ಇಳಿಸಲು ರಿಸರ್ವ್ ಬ್ಯಾಂಕ್ ಅವಕಾಶ ಕೊಟ್ಟಿದೆ. ಆದ್ದರಿಂದ ನಿಯಮ ಬಿಡುವುದಿಲ್ಲ ಎಂಬ ಉತ್ತರವನ್ನು ಈಗ ಒಪ್ಪಬೇಕಾಗಿಲ್ಲ. ಬರವಣಿಗೆಯಲ್ಲಿ ಕೇಳಬೇಕು. ಕೊಡದಿದ್ದರೆ ಸಾಲವನ್ನು ಬೇರೆ ಬ್ಯಾಂಕಿಗೆ ವರ್ಗಾಯಿಸುವ ದಾರಿ ಇದೆ. ವ್ಯಕ್ತಿಗಳು ಪಡೆದ ಬದಲಾಗುವ ಬಡ್ಡಿಯ ಗೃಹಸಾಲವನ್ನು ಅವಧಿಗೆ ಮುನ್ನ ತೀರಿಸಿದರೆ ಬ್ಯಾಂಕ್‌ಗಳು ದಂಡ ಹಾಕುವಂತಿಲ್ಲ ಎಂಬ ನಿಯಮ 2012ರಿಂದಲೂ ಇದೆ. ಆದರೆ ಹೊಸ ಬ್ಯಾಂಕಿನ ಸಂಸ್ಕರಣಾ ಶುಲ್ಕ, ವಕೀಲರ ವರದಿ, ಹಕ್ಕುಪತ್ರ ಠೇವಣಿಯ (ಮನೆಯ ಮೂಲ ದಾಖಲೆಗಳನ್ನು ಬ್ಯಾಂಕಿನಲ್ಲಿ ಅಡವಿಡುವುದರ) ಮುದ್ರಾಂಕ ಶುಲ್ಕ ಎಲ್ಲವನ್ನೂ ಕೂಡಿ ನೋಡಬೇಕು. ಸಾಲದ ಕೊನೆಯ ವರ್ಷಗಳಲ್ಲಿ ವರ್ಗಾವಣೆಯಿಂದ ಲಾಭ ಬಹಳ ಕಡಿಮೆ, ಏಕೆಂದರೆ ಬಡ್ಡಿಯ ಬಹುಪಾಲು ಆಗಲೇ ಕಟ್ಟಿ ಆಗಿರುತ್ತದೆ.

ಬ್ಯಾಂಕ್‌ಗಳ ವಾದ, ನಿಯಂತ್ರಕರ ಉತ್ತರ

ಬ್ಯಾಂಕ್‌ಗಳ ವಾದವನ್ನೂ ಕೇಳಬೇಕು. ದರ ಏರಿದ ಕೂಡಲೇ ಕಂತನ್ನು ಏಳು ಸಾವಿರ ರೂಪಾಯಿ ಏರಿಸಿದರೆ ಎಷ್ಟೋ ಕುಟುಂಬಗಳು ಸುಸ್ತಿದಾರರಾಗುತ್ತವೆ, ಆದ್ದರಿಂದ ಅವಧಿ ವಿಸ್ತರಣೆ ಒಂದು ರಕ್ಷಣೆ ಎಂಬುದು ಅವುಗಳ ನಿಲುವು. ಸಂಬಳ ಏರದೆ ಕಂತು ಏರಿದರೆ ಮನೆಯೇ ಕೈತಪ್ಪುವ ಅಪಾಯವಿರುವುದರಿಂದ ಈ ಮಾತಿನಲ್ಲಿ ಹುರುಳಿದೆ. ಜೊತೆಗೆ, ಬ್ಯಾಂಕಿನ ಠೇವಣಿಗಳ ಬಡ್ಡಿ ನಿಗದಿತ ಅವಧಿಗೆ ಬಂಧಿಯಾಗಿರುತ್ತದೆ. ಸಾಲದ ದರ ಇಂದು ಇಳಿದರೂ ಠೇವಣಿಗೆ ಹಳೆಯ ದರವನ್ನೇ ಕೊಡುತ್ತಿರಬೇಕು.

ಆದರೆ ರಕ್ಷಣೆ ಬೇಕೇ ಬೇಡವೇ ಎಂದು ಹೇಳಬೇಕಾದವನು ಸಾಲಗಾರ. 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ ರಿಸರ್ವ್ ಬ್ಯಾಂಕ್ ಒಪ್ಪಿದ್ದು ಇದನ್ನೇ. ದರ ಮರುನಿಗದಿಯಾದಾಗ ಕಂತು ಹೆಚ್ಚಿಸಬೇಕೇ, ಅವಧಿ ವಿಸ್ತರಿಸಬೇಕೇ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೇ ಎಂಬ ಆಯ್ಕೆ ಗ್ರಾಹಕನಿಗೆ ಸಿಗಬೇಕು. ಭಾಗಶಃ ಅಥವಾ ಪೂರ್ತಿ ಮುಂಗಡವಾಗಿ ತೀರಿಸುವ ಅವಕಾಶ ಇರಬೇಕು. ಕಂತು ಬಡ್ಡಿಗೂ ಸಾಲದೆ ಅಸಲು ಬೆಳೆಯುವಂಥ ಸ್ಥಿತಿ ಬರಬಾರದು. ಮೂರು ತಿಂಗಳಿಗೊಮ್ಮೆ ಕೊಡುವ ವಿವರಪಟ್ಟಿಯಲ್ಲಿ ಈವರೆಗೆ ವಸೂಲಾದ ಅಸಲು ಮತ್ತು ಬಡ್ಡಿ, ಕಂತಿನ ಮೊತ್ತ, ಉಳಿದ ಕಂತುಗಳ ಸಂಖ್ಯೆ ಇರಬೇಕು. 2023ರ ಡಿಸೆಂಬರ್ 31ರೊಳಗೆ ಹಳೆಯ ಸಾಲಗಳಿಗೂ ಇದನ್ನು ಅನ್ವಯಿಸಬೇಕಿತ್ತು.

ಅದೇ ಸುತ್ತೋಲೆ ಸ್ಥಿರ ಬಡ್ಡಿಗೆ ಬದಲಾಗುವ ಆಯ್ಕೆಯನ್ನೂ ಕಡ್ಡಾಯ ಮಾಡಿತ್ತು. 2025ರ ಅಕ್ಟೋಬರ್‌ನಿಂದ ಅದನ್ನು ಬ್ಯಾಂಕ್‌ಗಳ ವಿವೇಚನೆಗೆ ಬಿಡಲಾಗಿದೆ. ನನ್ನ ದೃಷ್ಟಿಯಲ್ಲಿ ಇದು ಹಿಂದಕ್ಕೆ ಇಟ್ಟ ಹೆಜ್ಜೆ. ಅಮೆರಿಕದಲ್ಲಿ ನೆಲೆಸಿದ ಕನ್ನಡಿಗರು 30 ವರ್ಷದ ಸ್ಥಿರ ಬಡ್ಡಿಯ ಸಾಲದ ಬಗ್ಗೆ ಹೇಳುವುದನ್ನು ಕೇಳಿ ಇಲ್ಲಿಯವರು ಅಚ್ಚರಿಪಡುತ್ತಾರೆ. ಅಲ್ಲಿ ದರ ಏರಿದರೆ ನಷ್ಟ ಸಾಲ ಕೊಟ್ಟವರದು, ಇಳಿದರೆ ಸಾಲಗಾರ ಹೊಸ ಸಾಲ ಮಾಡಿ ಹಳೆಯದನ್ನು ತೀರಿಸಬಹುದು. ಇಲ್ಲಿ ಎರಡು ದಶಕಗಳ ಬಡ್ಡಿಯ ಏರಿಳಿತವನ್ನೆಲ್ಲ ಹೊರುವುದು ಸಂಬಳದ ಮೇಲೆ ಬದುಕುವ ಕುಟುಂಬ.

ಒಂದು ಕೋಟಿ ಎಂದರೆ ಹೆದರಬೇಕೆ?

ಐವತ್ತು ಲಕ್ಷಕ್ಕೆ ಒಂದು ಕೋಟಿ ಕಟ್ಟಬೇಕು ಎಂದ ಕೂಡಲೇ ಗೃಹಸಾಲವೇ ತಪ್ಪು ಎಂಬ ತೀರ್ಮಾನಕ್ಕೆ ಹಾರುವವರಿದ್ದಾರೆ. ಅದು ಅವಸರದ ಮಾತು. ಇಂದಿನ 41,822 ರೂಪಾಯಿ ಮತ್ತು ಇಪ್ಪತ್ತು ವರ್ಷದ ನಂತರದ 41,822 ರೂಪಾಯಿ ಒಂದೇ ಅಲ್ಲ. ರಿಸರ್ವ್ ಬ್ಯಾಂಕ್‌ನ ಗುರಿಯಾದ ಶೇ 4ರ ಹಣದುಬ್ಬರವೇ ಇದ್ದರೂ ಕೊನೆಯ ಕಂತಿನ ಕೊಳ್ಳುವ ಶಕ್ತಿ ಇಂದಿನ ಸುಮಾರು 19 ಸಾವಿರ ರೂಪಾಯಿಗೆ ಸಮ. ಸಂಬಳ ಏರುತ್ತಾ ಹೋದಂತೆ ಮೊದಲ ವರ್ಷ ಆದಾಯದ ಅರ್ಧದಷ್ಟನ್ನು ನುಂಗುತ್ತಿದ್ದ ಕಂತು ಹತ್ತನೆಯ ವರ್ಷಕ್ಕೆ ಹಗುರವಾಗುತ್ತದೆ. ಬಾಡಿಗೆಯಾದರೆ ಏರುತ್ತಲೇ ಇರುತ್ತದೆ.

ಈ ವಾದಕ್ಕೆ ಒಂದು ಷರತ್ತು ಇದೆ. ಹಣದುಬ್ಬರ ಸಾಲಗಾರನಿಗೆ ನೆರವಾಗುವುದು ಅವನ ಆದಾಯವೂ ಅದಕ್ಕೆ ತಕ್ಕಂತೆ ಏರಿದರೆ ಮಾತ್ರ. ಸರ್ಕಾರಿ ನೌಕರನಿಗೆ ತುಟ್ಟಿಭತ್ಯೆ ಇದೆ. ಖಾಸಗಿ ಕಂಪನಿಯಲ್ಲಿ ನಲವತ್ತೈದನೆಯ ವಯಸ್ಸಿಗೆ ಕೆಲಸ ಕಳೆದುಕೊಂಡವನಿಗೆ, ವ್ಯಾಪಾರ ಕುಸಿದ ಅಂಗಡಿಯವನಿಗೆ ಆ ಆಸರೆ ಇಲ್ಲ. ಬಡ್ಡಿ ಏರಿಕೆಯಿಂದ ಸಾಲದ ಅವಧಿ ನಿವೃತ್ತಿಯ ಅಂಚಿಗೆ ಸರಿದಿದ್ದರೆ ಅಪಾಯ ದುಪ್ಪಟ್ಟು. ಆದ್ದರಿಂದ ಒಂದೇ ಸಾಲದ ಬೆಲೆ ಇಬ್ಬರಿಗೆ ಬೇರೆ ಬೇರೆಯಾಗಿರುತ್ತದೆ, ಬಡ್ಡಿದರ ಒಂದೇ ಆಗಿದ್ದರೂ.

ಬಡ್ಡಿಯ ಲೆಕ್ಕಕ್ಕೆ ಬಾರದ ಖರ್ಚುಗಳು

30 ಲಕ್ಷದಿಂದ 75 ಲಕ್ಷದವರೆಗಿನ ಸಾಲಕ್ಕೆ ಮನೆಯ ಬೆಲೆಯ ಗರಿಷ್ಠ ಶೇ 80ರಷ್ಟು ಮಾತ್ರ ಕೊಡಬಹುದು ಎಂಬುದು ನಿಯಮ. 50 ಲಕ್ಷ ಸಾಲ ಬೇಕಾದರೆ ಮನೆ ಕನಿಷ್ಠ 62.5 ಲಕ್ಷದ್ದಿರಬೇಕು, 12.5 ಲಕ್ಷ ಕೈಯಿಂದ ಹಾಕಬೇಕು. ಈ ಬೆಲೆಗೆ ಮುದ್ರಾಂಕ ಮತ್ತು ನೋಂದಣಿ ಶುಲ್ಕವನ್ನು ಸೇರಿಸುವಂತಿಲ್ಲ. ಕರ್ನಾಟಕದಲ್ಲಿ 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ಶೇ 1ರಿಂದ ಶೇ 2ಕ್ಕೆ ಏರಿದೆ. ಶೇ 5ರ ಮುದ್ರಾಂಕ ಶುಲ್ಕ, ಅದರ ಮೇಲಿನ ಸೆಸ್ ಮತ್ತು ಸರ್‌ಚಾರ್ಜ್ ಸೇರಿದರೆ ನಗರ ಪ್ರದೇಶದಲ್ಲಿ ಒಟ್ಟು ಶೇ 7.6. ನಮ್ಮ ಉದಾಹರಣೆಗೆ ಅದು 4.75 ಲಕ್ಷ. ಅಂದರೆ ಕೈಯಿಂದ ಹೋಗುವುದು ಹದಿನೇಳು ಲಕ್ಷಕ್ಕೂ ಹೆಚ್ಚು. ನಿರ್ಮಾಣ ಹಂತದ ಫ್ಲ್ಯಾಟ್ ಆದರೆ ಜಿಎಸ್‌ಟಿಯೂ ಉಂಟು. ಈ ಹಣ ಹೊಂದಿಸಲು ಚಿನ್ನ ಅಡವಿಟ್ಟವರ, ವೈಯಕ್ತಿಕ ಸಾಲ ಮಾಡಿದವರ ನಿಜವಾದ ಬಡ್ಡಿದರ ಗೃಹಸಾಲದ ಕಾಗದದಲ್ಲಿ ಇರುವುದಕ್ಕಿಂತ ಹೆಚ್ಚು.

ಸಾಲದ ಜೊತೆಗೆ ಅಂಟಿಕೊಂಡು ಬರುವ ವಿಮೆಯ ಬಗ್ಗೆ ಎಚ್ಚರ ಬೇಕು. ಮನೆಯಲ್ಲಿ ದುಡಿಯುವವರು ಇಲ್ಲವಾದರೆ ಸಾಲ ಕುಟುಂಬದ ಮೇಲೆ ಬೀಳದಿರಲು ವಿಮೆ ಅಗತ್ಯವೇ. ಆದರೆ ಒಂದೇ ಕಂತಿನ 1.5 ಲಕ್ಷ ಪ್ರೀಮಿಯಂ ಅನ್ನು ಸಾಲದ ಮೊತ್ತಕ್ಕೇ ಸೇರಿಸಿದರೆ, ಶೇ 8ರ ಬಡ್ಡಿಗೆ 20 ವರ್ಷದಲ್ಲಿ ಅದು ಮೂರು ಲಕ್ಷವಾಗುತ್ತದೆ. ಬ್ಯಾಂಕ್ ತೋರಿಸಿದ ಕಂಪನಿಯಿಂದಲೇ ಕೊಳ್ಳಬೇಕೆಂಬ ನಿಯಮ ಇಲ್ಲ. ಪ್ರತ್ಯೇಕವಾಗಿ ಟರ್ಮ್ ವಿಮೆ ಮಾಡಿಸಿ ಅದರ ವಿವರ ಕೊಡಬಹುದು. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಕಡ್ಡಾಯವಾಗಿ ಕೊಡಬೇಕಾದ ಮುಖ್ಯಾಂಶಗಳ ಪತ್ರದಲ್ಲಿ ಶುಲ್ಕಗಳನ್ನೆಲ್ಲ ಸೇರಿಸಿದ ವಾರ್ಷಿಕ ದರ ಇರುತ್ತದೆ. ಎರಡು ಬ್ಯಾಂಕ್‌ಗಳನ್ನು ಹೋಲಿಸುವಾಗ ನೋಡಬೇಕಾದದ್ದು ಆ ದರವನ್ನು.

ನಿರ್ಮಾಣ ಹಂತದ ಮನೆ ಕೊಂಡವರ ಕಥೆ ಇನ್ನೂ ಕಠಿಣ. ಸ್ವಾಧೀನ ಸಿಗುವವರೆಗೆ ಬಿಡುಗಡೆಯಾದ ಮೊತ್ತಕ್ಕೆ ಬಡ್ಡಿ ಮಾತ್ರ ಕಟ್ಟುವ ವ್ಯವಸ್ಥೆ ಇರುತ್ತದೆ. 50 ಲಕ್ಷವೂ ಬಿಡುಗಡೆಯಾಗಿದ್ದರೆ ತಿಂಗಳಿಗೆ 33,333 ರೂಪಾಯಿ ಕಟ್ಟಿದರೂ ಅಸಲು ಒಂದು ಪೈಸೆ ಇಳಿಯುವುದಿಲ್ಲ. ಕಟ್ಟಡ ಒಂದು ವರ್ಷ ತಡವಾದರೆ ನಾಲ್ಕು ಲಕ್ಷ ಹೋಯಿತು, ಜೊತೆಗೆ ಇರುವ ಮನೆಯ ಬಾಡಿಗೆ. ಸ್ವಾಧೀನದವರೆಗೆ ಬಡ್ಡಿಯನ್ನು ಬಿಲ್ಡರ್ ಕಟ್ಟುತ್ತಾನೆ ಎಂಬ ಯೋಜನೆಗಳಲ್ಲಿ ಬಿಲ್ಡರ್ ಕೈಯೆತ್ತಿದಾಗ ಬ್ಯಾಂಕ್‌ಗಳು ಬಂದದ್ದು ಖರೀದಿದಾರರ ಬಳಿಗೆ. 2025ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಇಂಥ ಯೋಜನೆಗಳಲ್ಲಿ ಬಿಲ್ಡರ್‌ಗಳು ಮತ್ತು ಬ್ಯಾಂಕ್‌ಗಳ ನಂಟಿನ ಬಗ್ಗೆ ಸಿಬಿಐ ವಿಚಾರಣೆಗೆ ಆದೇಶಿಸಿತು. ದೆಹಲಿ ಸುತ್ತಲಿನ ಪ್ರದೇಶದ ಜೊತೆಗೆ ಬೆಂಗಳೂರಿನ ಯೋಜನೆಗಳೂ ಅದರ ವ್ಯಾಪ್ತಿಗೆ ಬಂದವು.

ತೆರಿಗೆ ವಿನಾಯಿತಿಯಿಂದ ಇದೆಲ್ಲ ಸರಿದೂಗುತ್ತದೆ ಎಂಬ ಹಳೆಯ ನಂಬಿಕೆಯನ್ನೂ ಮರುಪರಿಶೀಲಿಸಬೇಕು. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ ಎರಡು ಲಕ್ಷದವರೆಗಿನ ಕಡಿತ ಹಳೆಯ ತೆರಿಗೆ ಪದ್ಧತಿಯಲ್ಲಿ ಮಾತ್ರ ಸಿಗುತ್ತದೆ. ಶೇ 30ರ ಹಂತದಲ್ಲಿರುವವರಿಗೆ ಅದು ವರ್ಷಕ್ಕೆ 62,400 ರೂಪಾಯಿ ಉಳಿಸುತ್ತಿತ್ತು. ಹೊಸ ಪದ್ಧತಿಗೆ ಹೋದವರಿಗೆ ಈ ಲಾಭ ಇಲ್ಲ, ಆದ್ದರಿಂದ ಅವರ ಪಾಲಿಗೆ ಶೇ 8 ಎಂದರೆ ಪೂರ್ತಿ ಶೇ 8.

ಬೇಗ ತೀರಿಸುವುದೋ, ಹೂಡಿಕೆ ಮಾಡುವುದೋ

ಇಲ್ಲಿ ಎರಡು ಪಂಗಡಗಳಿವೆ. ಸಾಲ ಎಂದರೆ ಹೊರೆ, ಬೋನಸ್ ಬಂದಾಗಲೆಲ್ಲ ಅಸಲಿಗೆ ಹಾಕಿ ಎನ್ನುವವರು ಒಂದು ಕಡೆ. ಶೇ 8ರ ಸಾಲ ತೀರಿಸುವ ಬದಲು ಶೇ 12 ತರಬಲ್ಲ ಮ್ಯೂಚುವಲ್ ಫಂಡ್‌ಗೆ ಹಾಕಿ ಎನ್ನುವವರು ಇನ್ನೊಂದು ಕಡೆ.

20 ವರ್ಷದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚುವರಿಯಾಗಿ ಕಟ್ಟಿ ಕಂತು ಹಾಗೆಯೇ ಇಟ್ಟರೆ ಹತ್ತೂವರೆ ತಿಂಗಳು ಕಡಿಮೆಯಾಗುತ್ತದೆ, ಉಳಿತಾಯವಾಗುವ ಬಡ್ಡಿ ಸುಮಾರು 3.4 ಲಕ್ಷ. ಅದೇ ಲಕ್ಷವನ್ನು ಹತ್ತನೆಯ ವರ್ಷದ ಕೊನೆಗೆ ಕಟ್ಟಿದರೆ ಐದು ತಿಂಗಳು, ಸುಮಾರು 1.2 ಲಕ್ಷ. ಮೊದಲನೆಯದು ಮಾಂತ್ರಿಕವಾಗಿ ಹೆಚ್ಚು ಲಾಭದ್ದೆಂದು ಭಾವಿಸಬಾರದು. ಎರಡರಲ್ಲೂ ಸಿಗುವ ಪ್ರತಿಫಲ ವಾರ್ಷಿಕ ಶೇ 8 ಮಾತ್ರ, ಮೊದಲನೆಯದಕ್ಕೆ ಬೆಳೆಯಲು ಹೆಚ್ಚು ಕಾಲ ಸಿಕ್ಕಿತು. ಆದರೆ ಈ ಶೇ 8 ಖಚಿತವಾದದ್ದು, ಅದರ ಮೇಲೆ ತೆರಿಗೆ ಇಲ್ಲ. ಪ್ರತಿಫಲದಲ್ಲಿ ನಿಶ್ಚಿತ ಠೇವಣಿ ಸಾಮಾನ್ಯವಾಗಿ ಇದಕ್ಕೆ ಸಾಟಿಯಲ್ಲ. ಆದ್ದರಿಂದ ಒಂದು ಕಡೆ ಠೇವಣಿ ಇಟ್ಟುಕೊಂಡು ಇನ್ನೊಂದು ಕಡೆ ಗೃಹಸಾಲ ಕಟ್ಟುವವರು, ಆರು ತಿಂಗಳ ಖರ್ಚಿಗೆ ಬೇಕಾದಷ್ಟನ್ನು ಉಳಿಸಿಕೊಂಡು ಮಿಕ್ಕದ್ದನ್ನು ಸಾಲಕ್ಕೆ ಹಾಕುವುದೇ ಸರಿ. ಷೇರು ಪೇಟೆಯ ಹೂಡಿಕೆ ದೀರ್ಘಾವಧಿಯಲ್ಲಿ ಹೆಚ್ಚು ತರಬಹುದು, ತರದೆಯೂ ಇರಬಹುದು. ಪೇಟೆ ಕುಸಿದ ವರ್ಷವೇ ಕೆಲಸವೂ ಹೋದರೆ ಎರಡೂ ಕಡೆಯಿಂದ ಹೊಡೆತ. ಆದಾಯ ಭದ್ರವಾಗಿರುವ, ವಯಸ್ಸಿನಲ್ಲಿ ಚಿಕ್ಕವರಿಗೆ ಎರಡನೆಯ ಪಂಗಡದ ಮಾತು ಒಪ್ಪಬಹುದು. ನಲವತ್ತು ದಾಟಿದವರಿಗೆ, ಅದರಲ್ಲೂ 2022ರ ನಂತರ ಅವಧಿ ಹಿಗ್ಗಿದ ಸಾಲವಿರುವವರಿಗೆ, ಮೊದಲು ಅವಧಿಯನ್ನು ನಿವೃತ್ತಿಗಿಂತ ಸಾಕಷ್ಟು ಹಿಂದಕ್ಕೆ ಎಳೆದುಕೊಳ್ಳಿ ಎಂದೇ ಹೇಳಬೇಕು.

ಹೆಚ್ಚುವರಿ ಹಣ ಕಟ್ಟುವಾಗ ಅದನ್ನು ಅಸಲಿಗೆ ಜಮೆ ಮಾಡಿ ಅವಧಿ ಕಡಿಮೆ ಮಾಡಿ ಎಂದು ಬರೆದು ಕೊಡಬೇಕು. ಕೆಲವು ಕಡೆ ಅದು ಮುಂದಿನ ಕಂತುಗಳ ಮುಂಗಡವಾಗಿ ಜಮೆಯಾಗಿ, ಬಯಸಿದ ಫಲವೇ ಸಿಗುವುದಿಲ್ಲ.

ಸಾಲ ತೀರಿದ ಮೇಲೆ

ಕೊನೆಯ ಕಂತು ಕಟ್ಟಿದ ಮಾತ್ರಕ್ಕೆ ಮನೆ ಋಣಮುಕ್ತವಾಗುವುದಿಲ್ಲ. ಪೂರ್ತಿ ತೀರಿಸಿದ 30 ದಿನಗಳೊಳಗೆ ಬ್ಯಾಂಕ್ ಮೂಲ ದಾಖಲೆಗಳನ್ನು ಹಿಂದಿರುಗಿಸಬೇಕು. ತನ್ನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. 2023ರ ಡಿಸೆಂಬರ್ 1ರಿಂದ ಈ ನಿಯಮ ಜಾರಿಯಲ್ಲಿದೆ. ಹಕ್ಕುಪತ್ರ ಠೇವಣಿಯನ್ನು ಉಪನೋಂದಣಿ ಕಚೇರಿಯಲ್ಲಿ ನೋಂದಾಯಿಸಿದ್ದರೆ ಅದರ ಬಿಡುಗಡೆಯನ್ನೂ ಅಲ್ಲಿಯೇ ನೋಂದಾಯಿಸಬೇಕು, ಇಲ್ಲವಾದರೆ ಋಣಭಾರ ಪ್ರಮಾಣಪತ್ರದಲ್ಲಿ ಬ್ಯಾಂಕಿನ ಹೆಸರು ಹಾಗೆಯೇ ಉಳಿದು, ಮುಂದೆ ಮಾರುವಾಗಲೋ ಮಕ್ಕಳ ಹೆಸರಿಗೆ ಮಾಡುವಾಗಲೋ ತೊಡಕಾಗುತ್ತದೆ. ಬ್ಯಾಂಕಿನಿಂದ ಸಾಲ ತೀರಿದ ಪತ್ರ ಪಡೆದ ವಾರದಲ್ಲೇ ಈ ಕೆಲಸ ಮುಗಿಸಿ, ಹೊಸ ಋಣಭಾರ ಪ್ರಮಾಣಪತ್ರ ತೆಗೆಸಿ, ಅದರಲ್ಲಿ ಬಿಡುಗಡೆಯ ನಮೂದು ಇದೆಯೇ ಎಂದು ನೋಡಿಕೊಳ್ಳಬೇಕು.